ರುದ್ರಪ್ಪನ ಹದಿನೆಂಟು ಫ್ಯಾನು

ಕರೆಂಟು ಹೋದಾಗಲೆಲ್ಲ ನನ್ನ ತಲೆಯ ಮೇಲೆ ರುದ್ರಪ್ಪ ಬರುತ್ತಾನೆ. ಇದ್ದಕ್ಕಿದ್ದಂತೆ ಬರುವುದಿಲ್ಲ. ಮೊದಲು ಒಂದು ಹಸಿರು ಉಂಗುರ ಕಾಣುತ್ತದೆ. ಆಮೇಲೆ ಆ ಉಂಗುರ ಒಡೆದು ಅಕ್ಷರಗಳಂಥ ಏನೋ ಸುತ್ತತೊಡಗುತ್ತದೆ. ಫ್ಯಾನು ಪೂರ್ತಿ ನಿಂತಾಗ ಒಂದು ರೆಕ್ಕೆಯ ಮೇಲೆ ‘ಶ್ರೀ’, ಇನ್ನೊಂದರ ಮೇಲೆ ‘ರುದ್ರಪ್ಪನವರ’, ಮೂರನೆಯದರ ಮೇಲೆ ‘ಕೊಡುಗೆ’ ಎಂದು ಸ್ಪಷ್ಟವಾಗುತ್ತದೆ. ನಿಂತ ದಿಕ್ಕನ್ನು ಅನುಸರಿಸಿ ಕೆಲವು ಸಲ ಅದನ್ನು ‘ಕೊಡುಗೆ ಶ್ರೀ ರುದ್ರಪ್ಪನವರ’ ಎಂದೂ ಓದಿಕೊಳ್ಳಬೇಕಾಗುತ್ತದೆ. ಅರ್ಥವೇನೂ ಕೆಡುವುದಿಲ್ಲ. ಗಾಳಿ ಇರುವುದಿಲ್ಲ, ಅಷ್ಟೆ.

ಮನೆಗೆ ಬಂದವರು ಮೇಲೆ ನೋಡುತ್ತಾರೆ, ಆಮೇಲೆ ನನ್ನನ್ನು ನೋಡುತ್ತಾರೆ. ಕಡೂರು, ತರೀಕೆರೆ, ಅಜ್ಜಂಪುರ ಈ ಮೂರು ಊರಿನ ಸುದ್ದಿಯನ್ನು ಮೂವತ್ತು ವರ್ಷ ಪತ್ರಿಕೆಗೆ ಕಳಿಸಿದವನ ಮನೆಯಲ್ಲಿ ಸಾರ್ವಜನಿಕ ಫ್ಯಾನು ತಿರುಗುತ್ತಿದ್ದರೆ ಅನುಮಾನ ಪಡುವುದು ನ್ಯಾಯವೇ. ಬೇರೆಯವರ ಮನೆಯಲ್ಲಿ ಕಂಡಿದ್ದರೆ ನಾನೇ ಸುದ್ದಿ ಮಾಡುತ್ತಿದ್ದೆ. ಆದ್ದರಿಂದ ನಡೆದದ್ದನ್ನು ನಡೆದ ಹಾಗೆ ದಾಖಲಿಸುತ್ತಿದ್ದೇನೆ.

ರುದ್ರ ನನ್ನ ಬಾಲ್ಯದ ಗೆಳೆಯ. ಕಡೂರಿನಿಂದ ಸೈಕಲ್ಲಿನಲ್ಲಿ ಹೋಗಬಹುದಾದಷ್ಟು ದೂರದ ಹಳ್ಳಿಯವರು ಇಬ್ಬರೂ. ಶಾಲೆಯಲ್ಲಿ ಅವನನ್ನು ರುದ್ರ ಎಂದು ಕರೆದವರು ಮೇಷ್ಟ್ರು ಮಾತ್ರ. ಮಿಕ್ಕವರಿಗೆ ಅವನು ಮಂಡಕ್ಕಿ. ಚಡ್ಡಿಯ ಎರಡೂ ಜೇಬಿನಲ್ಲಿ ಮಂಡಕ್ಕಿ ತುಂಬಿಕೊಂಡು ಬರುತ್ತಿದ್ದ. ಎಡ ಜೇಬಿಗೆ ತೂತಿತ್ತು. ಒಂದು ದಿನ ಯಾರದೋ ಕೋಳಿ ಅವನು ಉದುರಿಸಿಕೊಂಡು ಬಂದದ್ದನ್ನು ಹೆಕ್ಕುತ್ತ ಹೆಕ್ಕುತ್ತ ನಾಲ್ಕನೇ ಕ್ಲಾಸಿನೊಳಗೇ ಬಂದುಬಿಟ್ಟಿತು. ಮೇಷ್ಟ್ರು ಹಾಜರಿ ಕರೆಯುವಾಗ ಎರಡು ಸಲ ಕೊಕ್ಕೊಕ್ಕೋ ಎಂದಿತು. ಅಂದಿನಿಂದ ಆ ಹೆಸರು ಗಟ್ಟಿಯಾಯಿತು.

ಫ್ಯಾನಿನ ವಿಷಯಕ್ಕೆ ಬಂದರೆ, ನಮ್ಮ ಶಾಲೆಯಲ್ಲಿ ಫ್ಯಾನು ಇರಲಿಲ್ಲ, ಮಂಡಕ್ಕಿ ಇದ್ದ. ಬೇಸಿಗೆಯ ಮಧ್ಯಾಹ್ನ ಮೇಷ್ಟ್ರಿಗೆ ಹಾಜರಿ ಪುಸ್ತಕದಿಂದ ಗಾಳಿ ಹಾಕುವ ಕೆಲಸ ಅವನದು. ಅದರಲ್ಲಿ ಅವನಿಗೆ ಒಂದು ಹದ ಸಿದ್ಧಿಸಿತ್ತು. ಜೋರಾಗಿ ಬೀಸಿದರೆ ಮೇಷ್ಟ್ರು ಚುರುಕಾಗಿ ಮಗ್ಗಿ ಕೇಳುತ್ತಿದ್ದರು. ನಿಧಾನವಾಗಿ ಬೀಸಿದರೆ ಕಣ್ಣು ಮುಚ್ಚುತ್ತಿದ್ದರು. ಇಡೀ ತರಗತಿಯ ಭವಿಷ್ಯ ಅವನ ಮೊಣಕೈಯಲ್ಲಿತ್ತು. ನನಗೆ ಹದಿನೇಳರ ಮಗ್ಗಿ ಇವತ್ತಿಗೂ ಬಾರದಿದ್ದರೆ ಅದು ಅವನ ಉಪಕಾರ.

ನಮ್ಮ ಅಮ್ಮ ಪಾತ್ರೆಗಳ ಮೇಲೆ ಹೆಸರು ಕೊರೆಸುತ್ತಿದ್ದದ್ದೂ ನೆನಪಾಗುತ್ತದೆ. ಪಾತ್ರೆಗೆ ಹೆಸರು ಹಾಕುವವನು ಬೀದಿಗೆ ಬಂದರೆ ಚೊಂಬು, ಲೋಟ, ಸಾರಿನ ಸೌಟು ಎಲ್ಲ ಹೊರಗೆ ಬರುತ್ತಿದ್ದವು. ಮದುವೆಮನೆಗೆ ಎರವಲು ಹೋದ ಪಾತ್ರೆ ವಾಪಸ್ ಮನೆಗೆ ಬರಲಿ ಎಂಬುದಷ್ಟೇ ಅದರ ಉದ್ದೇಶ. ಕೊಟ್ಟುಬಿಟ್ಟ ವಸ್ತುವಿನ ಮೇಲೆ ಹೆಸರು ಹಾಕಿಸುವುದನ್ನು ಅಮ್ಮ ಕಂಡಿದ್ದರೆ, ಇನ್ನೂ ವಾಪಸ್ ಕೇಳುವ ಯೋಚನೆ ಇದೆಯೇನೋ ಎಂದು ಅನುಮಾನಿಸುತ್ತಿದ್ದಳು.

ಇರಲಿ. ನಾನು ಪತ್ರಿಕೆ ಸೇರಿದೆ, ರುದ್ರ ಹೊಲ ನೋಡಿಕೊಂಡ. ವಾರಕ್ಕೊಮ್ಮೆ ಕಡೂರಿನ ಬಸ್‌ಸ್ಟ್ಯಾಂಡಿನ ಎದುರಿನ ಹೋಟೆಲಿನಲ್ಲಿ ಸೇರಿ ಒಂದು ಬೈಟು ಕಾಫಿ ಕುಡಿಯುತ್ತಿದ್ದೆವು. ಮೂವತ್ತು ವರ್ಷ ಹೀಗೇ ನಡೆಯಿತು. ಆಮೇಲೆ ಹೆದ್ದಾರಿ ಅಗಲವಾಯಿತು. ರಸ್ತೆ ಪಕ್ಕದ ಅವನ ಹೊಲದಲ್ಲಿ ಒಂದು ಪಾಲು ಹೋಗಿ ಪರಿಹಾರ ಬಂತು. ಎಷ್ಟು ಎಂಬುದನ್ನು ನಾನು ಬರೆಯಲಾರೆ, ಏಕೆಂದರೆ ದೃಢಪಟ್ಟಿಲ್ಲ. ಕಡೂರಿನಲ್ಲಿ ಕೇಳಿದ ಮೊತ್ತ ತರೀಕೆರೆ ಮುಟ್ಟುವಷ್ಟರಲ್ಲಿ ಒಂದೂವರೆಯಷ್ಟಾಗಿ, ಅಜ್ಜಂಪುರದಲ್ಲಿ ಎರಡರಷ್ಟಾಗಿತ್ತು. ಬಸ್ಸು ಇನ್ನೂ ಮುಂದೆ ಹೋಗುತ್ತದೆ. ಅಲ್ಲಿಯ ಮೊತ್ತ ವಿಚಾರಿಸುವ ಧೈರ್ಯ ನನಗಾಗಲಿಲ್ಲ.

ಹಣದ ಮೊದಲ ಪೆಟ್ಟು ಬೈಟು ಕಾಫಿಗೆ ಬಿತ್ತು. ಹೋಟೆಲಿನ ಯಜಮಾನರು ಎರಡು ಲೋಟ ತುಂಬ ಕಾಫಿ ತಂದಿಟ್ಟು, ನಿಮಗೆ ಬೈಟು ಕೊಟ್ಟರೆ ನಮ್ಮ ಮರ್ಯಾದೆ ಏನಾಗಬೇಕು ಎಂದರು. ಹೋದಲ್ಲೆಲ್ಲ ಹೀಗೆ ತುಂಬಿದ ಲೋಟ ಕುಡಿದು ರುದ್ರನಿಗೆ ಎದೆಯುರಿ ಹತ್ತಿತು. ಕ್ಷೌರದಂಗಡಿಯಲ್ಲೂ ಹಾಗೆಯೇ. ಅಲ್ಲಿ ಊರಿನ ಸುದ್ದಿಯೆಲ್ಲ ಪುಕ್ಕಟೆಯಾಗಿ ಸಿಗುತ್ತಿತ್ತು. ಈಗ ಊರಿನಲ್ಲಿದ್ದ ಸುದ್ದಿ ಅವನದೊಂದೇ ಆದ್ದರಿಂದ, ಅವನು ಹೋದರೆ ಅಂಗಡಿಯಲ್ಲಿ ಕತ್ತರಿಯ ಸದ್ದು ಮಾತ್ರ ಕೇಳುತ್ತಿತ್ತು.

ಇಂಥ ಹೊತ್ತಿನಲ್ಲಿ ನಮ್ಮ ಹಳ್ಳಿಯ ಸಮುದಾಯ ಭವನಕ್ಕೆ ಫ್ಯಾನು ಬೇಕಾಯಿತು. ಭವನದ ಕಾರ್ಯದರ್ಶಿ ಪರಮೇಶಣ್ಣ. ಎಂಥ ಸಭೆಯಲ್ಲೂ ಯಾರ ಕುರ್ಚಿ ಎಲ್ಲಿರಬೇಕು ಎಂಬುದು ಅವರಿಗೆ ಗೊತ್ತು. ಅವರು ಕೇಳಿದರು, ರುದ್ರ ಕಡೂರಿನಿಂದ ಆರು ಫ್ಯಾನು ತಂದುಕೊಟ್ಟ. ಪೇಂಟರನ್ನು ಕರೆಸಿ ರೆಕ್ಕೆಗಳ ಮೇಲೆ ಹಸಿರು ಬಣ್ಣದಲ್ಲಿ ಹೆಸರು ಬರೆಸಿದವರು ಪರಮೇಶಣ್ಣ. ರುದ್ರ ಬೇಡ ಎಂದನೆಂದು ಬರೆದರೆ ಸುಳ್ಳಾಗುತ್ತದೆ. ಮೊದಲ ದಿನ ಕತ್ತು ನೋಯುವವರೆಗೂ ಮೇಲೆ ನೋಡುತ್ತ ನಿಂತಿದ್ದ.

ಉದ್ಘಾಟನೆಯ ದಿನ ಗುಂಡಿ ಒತ್ತಿದಾಗ ಎಲ್ಲರಿಗೂ ಗಾಳಿ ಬಂತು, ಹೆಸರು ಹೋಯಿತು. ಪರಮೇಶಣ್ಣ ಗಲಿಬಿಲಿಗೊಂಡರು. ದಾನಿಗಳು ಮುಂದಿನ ಸಾಲಿನಲ್ಲಿ ಕುಳಿತಿದ್ದಾರೆ, ಅವರ ಹೆಸರೇ ಕಾಣುತ್ತಿಲ್ಲ. ಆ ಗಳಿಗೆಯಲ್ಲಿ ಅವರು ಒಂದು ತೀರ್ಮಾನಕ್ಕೆ ಬಂದು ಫ್ಯಾನು ಆರಿಸಿದರು. ದಾನಿಗಳು ಒಳಗಿರುವಷ್ಟು ಹೊತ್ತೂ ಹೆಸರು ಕಾಣಬೇಕು. ಅವರು ಎದ್ದ ಮೇಲೆ ಗಾಳಿ.

ಈ ನಿಯಮ ಯಾವ ನಡಾವಳಿ ಪುಸ್ತಕದಲ್ಲೂ ಇಲ್ಲ. ಆದರೆ ಅದು ನಡೆಯುತ್ತಿದ್ದ ಶಿಸ್ತನ್ನು ನಾನು ಯಾವ ಸರ್ಕಾರಿ ಕಚೇರಿಯಲ್ಲೂ ಕಂಡಿಲ್ಲ. ಕೆರೆ ಏರಿಯ ಮೇಲೆ ರುದ್ರನ ಗಾಡಿ ಕಂಡ ತಕ್ಷಣ ಬಾಗಿಲಲ್ಲಿ ನಿಂತವರು ಕೈ ಎತ್ತುತ್ತಿದ್ದರು, ಪರಮೇಶಣ್ಣ ಸ್ವಿಚ್ಚು ಆರಿಸುತ್ತಿದ್ದರು. ಅವನು ಗಾಡಿ ನಿಲ್ಲಿಸಿ, ಚಪ್ಪಲಿ ಬಿಟ್ಟು, ನಲ್ಲಿಯಲ್ಲಿ ಕಾಲು ತೊಳೆದು ಬರುವಷ್ಟರಲ್ಲಿ ಎಲ್ಲ ರೆಕ್ಕೆಗಳೂ ನಿಂತು ಅವನ ಹೆಸರನ್ನು ಹೇಳುತ್ತಿದ್ದವು. ಏಪ್ರಿಲ್ ತಿಂಗಳ ನಾಮಕರಣ, ನಿಶ್ಚಿತಾರ್ಥಗಳಲ್ಲಿ ಜನ ಫ್ಯಾನಿನ ಕೆಳಗೆ ಕುಳಿತು ಲಗ್ನಪತ್ರಿಕೆಯಿಂದ ಗಾಳಿ ಹಾಕಿಕೊಳ್ಳುತ್ತಿದ್ದರು. ರುದ್ರ ಹೊರಡಲು ಎದ್ದರೆ ಒಂದೊಂದಾಗಿ ಮುಖಗಳು ಅರಳುತ್ತಿದ್ದವು. ಅವನು ಹೊಸ್ತಿಲು ದಾಟಿದ್ದೇ ತಡ, ‘ಅಬ್ಬಾ’ ಎಂಬ ಸದ್ದು ಸಭೆಯ ತುಂಬ ಹರಡುತ್ತಿತ್ತು.

ರುದ್ರ ಇದನ್ನು ಬೇರೆಯೇ ರೀತಿ ಅರ್ಥ ಮಾಡಿಕೊಂಡ. ತಾನು ಹೋದಾಗಲೆಲ್ಲ ಫ್ಯಾನು ನಿಂತೇ ಇರುವುದನ್ನು ಕಂಡು, ಕೊಟ್ಟ ಫ್ಯಾನು ಕೆಟ್ಟಿವೆ ಎಂದುಕೊಂಡ. ಒಮ್ಮೆ ಮೆಲ್ಲಗೆ ಕೇಳಿದ್ದಕ್ಕೆ ಪರಮೇಶಣ್ಣ, ಇರಲಿ ಬಿಡಿ ಯಜಮಾನ್ರೇ, ನಿಮಗಿಂತ ಗಾಳಿ ಹೆಚ್ಚೇ ಎಂದರಂತೆ. ಇದು ದಾನಿಯ ಮಾನ ಉಳಿಸಲು ಆಡಿದ ಮಾತು ಎಂದು ರುದ್ರನಿಗೆ ಖಚಿತವಾಯಿತು. ಕಡೂರಿನ ಅಂಗಡಿಯವನ ಜೊತೆ ಜಗಳವಾಡಿ ತರೀಕೆರೆಯಿಂದ ಇನ್ನಾರು ಫ್ಯಾನು ತಂದ. ಪರಮೇಶಣ್ಣ ಮೊದಲ ಆರನ್ನು ತೆಗೆಯದೆ ನಡುನಡುವೆ ಹೊಸವನ್ನು ಹಾಕಿಸಿದರು, ಹೆಸರು ಬರೆಸಿದರು. ಅವೂ ನಿಂತಿದ್ದವು. ತರೀಕೆರೆಯವನ ಜೊತೆಗೂ ಜಗಳವಾಗಿ ಅಜ್ಜಂಪುರದಿಂದ ಮತ್ತಾರು ಬಂದವು. ಚಾವಣಿಯಲ್ಲಿ ಹದಿನೆಂಟು ಫ್ಯಾನು, ಐವತ್ತನಾಲ್ಕು ರೆಕ್ಕೆ. ಕೆಳಗೆ ಕುಳಿತವರ ಬೆವರು ಮಾತ್ರ ಒಂದೇ ಸಮನೆ ಇಳಿಯುತ್ತಿತ್ತು. ಮೂರೂ ಊರಿನ ಅಂಗಡಿಯವರು ನನಗೆ ಫೋನ್ ಮಾಡಿ, ತಮ್ಮ ಫ್ಯಾನು ಸರಿಯಾಗಿದೆ ಎಂದು ಸ್ಪಷ್ಟೀಕರಣ ಹಾಕಬೇಕೆಂದು ಕೇಳಿಕೊಂಡರು.

ಇಷ್ಟೆಲ್ಲ ಆಗುವಾಗ ನೀನೇನು ಮಾಡುತ್ತಿದ್ದೆ ಎಂದು ನೀವು ಕೇಳಬಹುದು. ನಾನು ವಿಚಾರಿಸುತ್ತಿದ್ದೆ. ಊರಿನವರನ್ನು ಕೇಳಿದೆ: ಫ್ಯಾನು ಆರಿಸಲು ರುದ್ರಪ್ಪನವರದೇ ಆಜ್ಞೆ, ದುಡ್ಡು ಬಂದ ಮೇಲೆ ಹೀಗಾಗಿಬಿಟ್ಟರು ಎಂದರು. ಪರಮೇಶಣ್ಣನನ್ನು ಕೇಳಿದೆ. “ಅವ್ರು ಬಾಯ್ಬಿಟ್ಟು ಹೇಳಿಲ್ಲ ಕಣ್ರೀ. ದೊಡ್ಡೋರು ಹೇಳ್ತಾರಾ? ನಾವೇ ಅರ್ಥ ಮಾಡ್ಕೋಬೇಕು” ಎಂದರು. ಫ್ಯಾನು ಕೆಟ್ಟಿವೆ ಎಂಬ ಕೊರಗನ್ನು ರುದ್ರನ ಬಾಯಿಂದಲೇ ಕೇಳಿದ್ದೆ. ಅಂದರೆ ಒಂದು ವಿಷಯದ ಎರಡೂ ಬದಿ ಗೊತ್ತಿದ್ದ ಏಕೈಕ ಮನುಷ್ಯ ನಾನು. ಎರಡು ಮೂಲಗಳಿಂದ ದೃಢಪಡಿಸಿಕೊಂಡ ಮಾಹಿತಿಯನ್ನು ಜೇಬಿನಲ್ಲಿಟ್ಟುಕೊಂಡು ಸುಮ್ಮನಿದ್ದೆ. ಯಾರಾದರೂ ಹೇಳುತ್ತಾರೆ ಎಂದುಕೊಂಡಿದ್ದೆ. ಆಮೇಲೆ ಯುಗಾದಿ ಬಂತು.

ಯುಗಾದಿಗೆ ಪತ್ರಿಕೆ ವಿಶೇಷ ಪುರವಣಿ ತರುತ್ತದೆ. ಅದಕ್ಕೆ ಜಾಹೀರಾತು ಹಿಡಿಯುವುದೂ ನಮ್ಮಂಥ ವರದಿಗಾರರ ಕೆಲಸ, ಅದರಲ್ಲಿ ನಮಗೊಂದು ಸಣ್ಣ ಕಮಿಷನ್ನು. ರುದ್ರ ಕೇಳಿದ ಕೂಡಲೇ ಪೂರ್ತಿ ಪುಟ ಕೊಟ್ಟ. ನನ್ನ ಪಾಲಿಗೆ ಬಂದದ್ದರಲ್ಲಿ ಸ್ಕೂಟರಿಗೆ ಎರಡು ಹೊಸ ಟೈರು ಹಾಕಿಸಿದೆ. ಮೂವತ್ತು ವರ್ಷ ವಿಶೇಷಣಗಳನ್ನು ಹೊಡೆದುಹಾಕುತ್ತ ಬಂದವನು ನಾನು. ‘ಕೊಡುಗೈ ದಾನಿ’, ‘ಜನಾನುರಾಗಿ’ ಇಂಥವು ನನ್ನ ವರದಿಯಲ್ಲಿ ನುಸುಳಿದ್ದಿಲ್ಲ. ಹಣ ನನ್ನ ಪೆನ್ನನ್ನು ಮುಟ್ಟಲಿಲ್ಲ ಎಂದು ಈಗಲೂ ಪ್ರಮಾಣ ಮಾಡಿ ಹೇಳಬಲ್ಲೆ. ಅದು ಬೇರೆ ಕಡೆಯಿಂದ ಬಂತು.

ಮೇ ತಿಂಗಳಲ್ಲಿ ರುದ್ರ ಮಗಳು ಸಹನಾಳ ಮದುವೆಯ ಕರೆಯೋಲೆ ಹಿಡಿದು ಮನೆಗೆ ಬಂದ. ಮದುವೆ ಅದೇ ಭವನದಲ್ಲಿ. ಕಾಗದ ಕೊಟ್ಟ ಮೇಲೂ ಎದ್ದೇಳದೆ ಕುಳಿತ. ಕೊನೆಗೆ ಬಾಯಿಬಿಟ್ಟ.

“ನೀನು ಪೇಪರ್ನೋನು, ಇದ್ದದ್ ಇದ್ದಂಗ್ ಹೇಳ್ತೀಯ. ನಾನ್ ಎದ್ ಹೊಂಟ್ರೆ ಜನ ಯಾಕೋ ಅಷ್ಟು ಖುಷಿ ಪಡ್ತಾರೆ? ನಾನ್ ಯಾರಿಗೇನ್ ಮಾಡಿವ್ನಿ?”

ಉತ್ತರ ನನ್ನ ನಾಲಿಗೆಯ ತುದಿಯಲ್ಲಿತ್ತು. ಮೂರು ವಾಕ್ಯ ಸಾಕಾಗಿತ್ತು. ಆದರೆ ಬಾಯಿ ತೆರೆದಾಗ ಬಂದದ್ದು ಇದು: “ತಾವು ಹಾಗೆಲ್ಲ ಭಾವಿಸಬಾರದು ರುದ್ರಪ್ಪನವರೇ.”

ರುದ್ರ ನನ್ನನ್ನು ನೋಡಿದ. ನಾಲ್ಕನೇ ಕ್ಲಾಸಿನಲ್ಲಿ ಆ ಕೋಳಿಯನ್ನು ನೋಡಿದ ಹಾಗೆ, ಇದು ಇಲ್ಲಿಗೆ ಹೇಗೆ ಬಂತು ಎಂಬಂತೆ. “ನೀನೂನಾ” ಎಂದ. ಆಮೇಲೆ ಎದ್ದು ನಿಂತು, ಬಾಗಿಲ ಕಡೆ ಮುಖ ಮಾಡಿಯೇ ಹೇಳಿದ: “ಮದ್ವೆ ದಿನ ನಾನ್ ಆಚೆನೇ ಇರ್ತೀನಿ ಬಿಡು. ಜನ ಒಳ್ಗೆ ನೆಮ್ಮದಿಯಾಗಿರ್ಲಿ. ಮಗ್ಳು ಮದ್ವೇಲಿ ಯಾರೂ ಮುಖ ಸಿಂಡ್ರಿಸ್ಕಂಡ್ ಕೂರೋದು ಬ್ಯಾಡ.”

ಅವನು ಹೋದ ಮೇಲೆ ನನ್ನ ಹೆಂಡತಿ ಗಿರಿಜಾ ಅಡುಗೆಮನೆಯಿಂದ ಬಂದು ಸ್ಕೂಟರಿನ ಟೈರು ಎಷ್ಟು ದಿನ ಬಾಳಿಕೆ ಬರುತ್ತವೆ ಎಂದು ಕೇಳಿದಳು. ಬೇರೆ ಏನನ್ನೂ ಕೇಳಲಿಲ್ಲ.

ಮದುವೆಯ ಬೆಳಿಗ್ಗೆ ನಾವು ಭವನ ಮುಟ್ಟಿದಾಗ ಒಳಗೆ ಹದಿನೆಂಟು ಫ್ಯಾನೂ ಬಿರುಗಾಳಿಯಂತೆ ತಿರುಗುತ್ತಿದ್ದವು, ಅಂದರೆ ಹೆಣ್ಣಿನ ತಂದೆ ಒಳಗಿರಲಿಲ್ಲ. ರುದ್ರ ಹೊರಗೆ ನೀರಿನ ಡ್ರಮ್ಮುಗಳ ಪಕ್ಕದಲ್ಲಿ ರೇಷ್ಮೆ ಪಂಚೆ ಉಟ್ಟು ನಿಂತಿದ್ದ. ನೀರು ತುಂಬಿದೆಯೇ ಎಂದು ಮುಚ್ಚಳ ತೆಗೆದು ನೋಡುತ್ತಿದ್ದ, ತುಂಬಿತ್ತು, ಮುಚ್ಚಿ ಪಕ್ಕದ್ದನ್ನು ತೆಗೆಯುತ್ತಿದ್ದ. ಯಾರೋ ಕರೆದರೆಂದು ಒಂದು ಸಲ ಹೊಸ್ತಿಲವರೆಗೆ ಹೋದ. ಫ್ಯಾನು ನಿಂತವು, ಜನ ಬೆವರಿದರು, ಅವನು ಅವರ ಮುಖ ನೋಡಿ ಹಿಂದಕ್ಕೆ ಬಂದ. ಫ್ಯಾನು ತಿರುಗಿದವು. ಹೀಗೆ ಎರಡು ಸಲ ಆಯಿತು. ಪರಮೇಶಣ್ಣನ ಬೆರಳು ಸ್ವಿಚ್ಚಿನಿಂದ ಕದಲಲಿಲ್ಲ.

ಮುಹೂರ್ತ ಹತ್ತಿರ ಬಂತು. ರುದ್ರನ ಹೆಂಡತಿ ಪಾರ್ವತಕ್ಕ ಮಂಟಪದಿಂದ ಇಳಿದು ನನ್ನ ಬಳಿಗೆ ಬಂದರು. ಕಣ್ಣು ಕೆಂಪಾಗಿತ್ತು. ಗಂಡನಿಗೆ ತನ್ನ ಹೆಸರು ನೋಡಿಕೊಳ್ಳುವ ಚಟ ಹತ್ತಿದೆ ಎಂದು ಎರಡು ವರ್ಷದಿಂದ ಮುನಿಸಿಕೊಂಡಿದ್ದರಂತೆ, ಈಗ ಮಗಳ ತಾಳಿಯ ಹೊತ್ತಿಗೂ ಒಳಗೆ ಬರುವುದಿಲ್ಲ ಎನ್ನುತ್ತಿದ್ದಾನಂತೆ. “ನೀವಾದ್ರೂ ಒಂದ್ ಮಾತ್ ಹೇಳಿ ಅಣ್ಣಾ” ಎಂದರು.

ಹೊರಗೆ ಹೋದೆ. ಅವನು ನಾಲ್ಕನೇ ಡ್ರಮ್ಮಿನ ಮುಚ್ಚಳ ಹಿಡಿದಿದ್ದ. ಎದುರು ನಿಂತೆ. ‘ತಾವು’ ಗಂಟಲಿಗೆ ಬಂದು ಕುಳಿತಿತ್ತು. ಅದನ್ನು ನುಂಗಿದೆ.

“ಲೇ ಮಂಡಕ್ಕಿ.”

ಪಕ್ಕದಲ್ಲಿ ಬಾಳೆಎಲೆ ತೊಳೆಯುತ್ತಿದ್ದ ಇಬ್ಬರು ಕೈ ನಿಲ್ಲಿಸಿದರು. ರುದ್ರ ಮುಚ್ಚಳ ಹಿಡಿದುಕೊಂಡೇ ತಿರುಗಿದ.

“ನಿನ್ ಹೆಸ್ರು ಕಾಣ್ಲಿ ಅಂತ ಫ್ಯಾನ್ ಆರಿಸ್ತಾರೆ ಕಣೋ. ನೀನ್ ಆಚೆ ಬಂದ್ರೆ ಹಾಕ್ತಾರೆ. ಜನ ನಕ್ಕಿದ್ದು ಗಾಳಿ ಬಂತು ಅಂತ. ನಿಂಗಲ್ಲ.”

ಅವನು ಭವನದ ಬಾಗಿಲ ಕಡೆ ನೋಡಿದ. ಎರಡು ವರ್ಷದ ಮುಖಗಳನ್ನೆಲ್ಲ ಮತ್ತೆ ಒಂದೊಂದಾಗಿ ನೋಡುತ್ತಿದ್ದನೆಂದು ಕಾಣುತ್ತದೆ.

“ಹಂಗಾದ್ರೆ ಫ್ಯಾನು ಕೆಟ್ಟಿಲ್ವಾ?”

“ಇಲ್ಲ.”

“ಹದಿನೆಂಟೂ?”

“ಹದಿನೆಂಟೂ.”

“ಮೂರ್ ಊರಲ್ಲೂ ಜಗಳ ಆಡ್ಬಿಟ್ನಲ್ಲೋ” ಎಂದು ಡ್ರಮ್ಮಿನ ಮೇಲೆ ಮುಚ್ಚಳ ಹಾಕಿದ. ಆಮೇಲೆ ಕೇಳಿದ: “ನಿಂಗೆ ಎಷ್ಟ್ ದಿನದಿಂದ ಗೊತ್ತಿತ್ತು?”

ಟೈರಿನ ವಿಷಯ ಅಲ್ಲಿಯೇ ಹೇಳಿದೆ. ಪೂರ್ತಿ ಹೇಳಿದೆ, ಮುಂದಿನದು ಹಿಂದಿನದು ಎರಡನ್ನೂ. ಅವನು ಗಂಭೀರವಾಗಿ ಕೇಳಿಸಿಕೊಂಡು, “ಟೈರ್ ಹಾಕ್ಸಿದ್ರೆ ನಿನ್ ಬಾಯಿ ಹಿಂಗಾಯ್ತದೆ ಅಂತ ಗೊತ್ತಿದ್ರೆ ಬರೀ ಟ್ಯೂಬ್‌ಗಾಗೋಷ್ಟು ಜಾಹೀರಾತು ಕೊಡ್ತಿದ್ದೆ” ಎಂದ. ಪಂಚೆಯನ್ನು ಎತ್ತಿ ಹಿಡಿದು ಭವನದ ಕಡೆ ನಡೆದ.

ಹೊಸ್ತಿಲಲ್ಲಿ ಎಂದಿನಂತೆ ಫ್ಯಾನು ನಿಂತವು. ರುದ್ರ ಮುಂದಿನ ಸಾಲಿಗೆ ಹೋಗದೆ ನೇರವಾಗಿ ಸ್ವಿಚ್‌ಬೋರ್ಡಿಗೆ ಹೋದ, ಪರಮೇಶಣ್ಣನ ಬೆರಳನ್ನು ಪಕ್ಕಕ್ಕೆ ಸರಿಸಿ ಹದಿನೆಂಟು ಸ್ವಿಚ್ಚನ್ನೂ ಹಾಕಿದ. ಉದ್ಘಾಟನೆಯ ಆ ಒಂದು ಗಳಿಗೆ ಬಿಟ್ಟರೆ, ದಾನಿ ಒಳಗಿರುವಾಗ ಭವನದಲ್ಲಿ ಗಾಳಿ ಬೀಸಿದ್ದು ಅದೇ ಮೊದಲು. ಜನ ಮೇಲೆ ನೋಡಿದರು, ಅವನನ್ನು ನೋಡಿದರು, ಎಲ್ಲೋ ಏನೋ ಅಪಚಾರವಾಯಿತೆಂದು ನಾಲ್ಕೈದು ಜನ ಎದ್ದೂ ನಿಂತರು.

ಗಾಳಿಯ ಸುಖ ಐದು ನಿಮಿಷವೂ ಉಳಿಯಲಿಲ್ಲ. ಆರು ಫ್ಯಾನು ಸಾಕಾಗುವ ಭವನದಲ್ಲಿ ಹದಿನೆಂಟು ಒಟ್ಟಿಗೆ ತಿರುಗಿದರೆ ಏನಾಗುತ್ತದೆ ಎಂಬುದನ್ನು ಯಾರೂ ಯೋಚಿಸಿರಲಿಲ್ಲ. ಮಂಟಪದಲ್ಲಿ ದೀಪ ಹಚ್ಚುವ ತನಕ ಯೋಚಿಸುವ ಪ್ರಮೇಯವೂ ಬಂದಿರಲಿಲ್ಲ. ದೀಪ ಎರಡು ಸಲ ಆರಿತು. ಹಾರಿದ ಅಕ್ಷತೆ ಗಂಡಿನ ಸೋದರಮಾವನ ಕಣ್ಣಿಗೆ ಬಿತ್ತು. ಒಂದು ಬಾಸಿಂಗ ತಿರುಗಿ ಕಿವಿಯ ಕಡೆ ಹೋಯಿತು. ಪೂಜೆಗೆ ಕುಳಿತಿದ್ದ ಅಯ್ಯನವರು ತಮ್ಮ ಶಲ್ಯವನ್ನು ಎರಡು ಕೈಯಲ್ಲಿ ಹಿಡಿದುಕೊಂಡು, ತಾಳಿ ಕಟ್ಟುವವರೆಗಾದರೂ ಆ ಫ್ಯಾನು ಆರಿಸಬೇಕೆಂದು ಕೇಳಿಕೊಂಡರು.

ರುದ್ರನೇ ಆರಿಸಿದ. ಐವತ್ತನಾಲ್ಕು ರೆಕ್ಕೆ ನಿಧಾನವಾಗಿ ನಿಂತವು. ಅವನು ಮಂಟಪಕ್ಕೆ ಹತ್ತಿ ಮಗಳ ಹಿಂದೆ ನಿಂತ. ಒಳಗೆ ಎಂದಿನ ಸೆಕೆ, ಎಂದಿನ ಬೆವರು, ಎಂದಿನ ಲಗ್ನಪತ್ರಿಕೆಯ ಬೀಸಣಿಗೆ. ಅವನ ತಲೆಯ ಮೇಲೆ ಅವನ ಹೆಸರು ಹದಿನೆಂಟು ಸಲ ಇತ್ತು. ಆದರೆ ಮಂಟಪದಿಂದ ಜನರ ಕಡೆ ನೋಡಿದಾಗ ಅವನ ಮುಖದಲ್ಲಿದ್ದದ್ದು ಬೇರೆ. ಬೆವರುತ್ತಿದ್ದ ಒಬ್ಬೊಬ್ಬರನ್ನೂ ಹುಡುಕಿ ಹುಡುಕಿ ನೋಡುತ್ತಿದ್ದ, ಇವರೂ ಸೆಕೆಗೆ ಮುಖ ಸಿಂಡರಿಸಿದ್ದಾರೆ, ಇವರೂ ಸೆಕೆಗೇ, ಎಂದು ಲೆಕ್ಕ ಸರಿಪಡಿಸಿಕೊಳ್ಳುತ್ತಿರುವವನಂತೆ. ತಾಳಿ ಕಟ್ಟಿದ ಮೇಲೆ ಪರಮೇಶಣ್ಣ ಎಂದಿನಂತೆ ತಾವೇ ಸ್ವಿಚ್ಚಿಗೆ ಕೈ ಹಾಕುವ ಬದಲು ಅವನ ಅಪ್ಪಣೆಗೆ ಕಾದರು. ಅವನು ಆರನ್ನು ಮಾತ್ರ ಹಾಕಿಸಿದ.

ಮಿಕ್ಕ ಹನ್ನೆರಡು ಮುಂದಿನ ವಾರ ಕೆಳಗಿಳಿದವು. ಎರಡು ಶಾಲೆಗೆ, ಒಂದು ಕ್ಷೌರದಂಗಡಿಗೆ, ಹೀಗೆ ಬೇಕಾದವರ ಮನೆಗೆ ಹೋದವು. ಒಂದನ್ನು ರುದ್ರ ನನ್ನ ಸ್ಕೂಟರಿನ ಮೇಲೆ ಇಟ್ಟ. ಪತ್ರಿಕೆಯವರು ಉಡುಗೊರೆ ತೆಗೆದುಕೊಳ್ಳುವಂತಿಲ್ಲ ಎಂದೆ. ಅದು ಎರಡು ಟೈರು ಹಾಕಿಸಿಕೊಂಡ ಮೇಲೆ ನೆನಪಾದ ನಿಯಮವೇ ಎಂದು ಕೇಳಿದ. ಕೊನೆಗೆ ಒಂದು ಸೇರು ಮಂಡಕ್ಕಿ ಕೊಟ್ಟು ಕೊಂಡೆ. ಅವನು ಅದನ್ನು ಜುಬ್ಬದ ಎರಡೂ ಜೇಬಿಗೆ ಸುರಿದುಕೊಂಡು ಹೋದ. ರಸೀದಿ ಇಲ್ಲ. ಈ ಬರಹವನ್ನೇ ರಸೀದಿ ಎಂದು ತಿಳಿಯಬೇಕು.

ಹೆಸರನ್ನು ಅಳಿಸಲು ಸೀಮೆಎಣ್ಣೆ ಹಾಕಿ ಉಜ್ಜಿ ನೋಡಿದೆವು. ಪರಮೇಶಣ್ಣ ಒಳ್ಳೆಯ ಬಣ್ಣವನ್ನೇ ತರಿಸಿದ್ದರು.

‘ಲೇ’ ವಾಪಸ್ ಬಂದಿದೆ ಎಂದು ಪೂರ್ತಿ ಹೇಳಲಾರೆ. ಊರಿನವರಿಗೆ ಅವನು ಈಗಲೂ ಯಜಮಾನರು. ಹೋಟೆಲಿನಲ್ಲಿ ಈಗಲೂ ತುಂಬಿದ ಲೋಟವೇ ಬರುತ್ತದೆ. ಆದ್ದರಿಂದ ಎದೆಯುರಿಯ ನೆಪ ಹೇಳಿ ವಾರಕ್ಕೊಮ್ಮೆ ನಮ್ಮ ಮನೆಗೆ ಬರುತ್ತಾನೆ. ಗಿರಿಜಾ ಒಂದು ಲೋಟ ಕಾಫಿಯನ್ನು ಎರಡು ಮಾಡಿ ಕೊಡುತ್ತಾಳೆ. ಮುಂದಿನ ಯುಗಾದಿಯ ಪುರವಣಿಗೆ ಅವನನ್ನು ಜಾಹೀರಾತು ಕೇಳಬೇಡ ಎಂದು ಅವಳ ಅಪ್ಪಣೆಯಾಗಿದೆ. ಟೈರು ಇನ್ನೂ ಗಟ್ಟಿ ಇವೆ.

ಹೋದ ವಾರ ಬಂದಾಗ ಫ್ಯಾನಿನ ಕೆಳಗೇ ಕುಳಿತು ಬೈಟು ಕುಡಿಯುತ್ತಿದ್ದ. ಕರೆಂಟು ಹೋಯಿತು. ಹಸಿರು ಉಂಗುರ ಒಡೆಯಿತು, ಅಕ್ಷರ ಮೂಡಿದವು, ಫ್ಯಾನು ನಿಂತಿತು. ರುದ್ರ ಲೋಟ ಕೆಳಗಿಟ್ಟು, ಕತ್ತು ಓರೆ ಮಾಡಿ, ಮೂರು ರೆಕ್ಕೆಯನ್ನೂ ನಿಧಾನವಾಗಿ ಓದಿದ.

“ಯಾವನೋ ಇವ್ನು,” ಎಂದ, “ಗಾಳಿ ಇಲ್ದಿದ್ದಾಗ ಮಾತ್ರ ಬತ್ತಾನೆ.”